ಸಂಬಳದ ತಕರಾರಿಗೆ ಗ್ರಾಚ್ಯುಟಿ ತಡೆಹಿಡಿದರೆ ಏನು ಮಾಡಬೇಕು?

ಪ್ರಶ್ನೆ: ನಮಸ್ಕಾರ ಸರ್. ಖಾಸಗಿ ಕಾರ್ಖಾನೆಯಲ್ಲಿ 22 ವರ್ಷ 8 ತಿಂಗಳು ಸರ್ವೀಸ್ ಮುಗಿಸಿ, 58 ತುಂಬಿ, 2025ರ ಜುಲೈ 31ಕ್ಕೆ ನಿವೃತ್ತನಾದೆ. ಕೊನೆಯ ಬೇಸಿಕ್ ಮತ್ತು ಡಿಎ ಸೇರಿ 31,200 ರೂ. ವೇತನ ಪರಿಷ್ಕರಣೆಯ ಬಾಕಿಗಾಗಿ ನಾವು ಕೆಲವರು ಹಾಕಿದ ಕೇಸು ಲೇಬರ್ ಕೋರ್ಟಿನಲ್ಲಿದೆ. ಅದನ್ನು ವಾಪಸ್ ತೆಗೆದುಕೊಂಡರೆ ಮಾತ್ರ ಗ್ರಾಚ್ಯುಟಿ ಅಂತಾರೆ. 2019ರಲ್ಲಿ ಒಂದು ಇನ್‌ಕ್ರಿಮೆಂಟ್ ತಪ್ಪಾಗಿ ಕೊಟ್ಟಿದ್ದೇವೆ, 1,84,000 ಮುರಿದುಕೊಳ್ಳುತ್ತೇವೆ ಅಂತಲೂ ಹೇಳ್ತಿದ್ದಾರೆ. ಪಿಎಫ್‌ಗೆ ಎಕ್ಸಿಟ್ ಡೇಟ್ (ಕೆಲಸ ಬಿಟ್ಟ ದಿನಾಂಕ) ಹಾಕಿಲ್ಲ. ಡಿಸೆಂಬರ್ ಮುಗೀತಾ ಬಂತು.

ಉತ್ತರ (ಕಾರ್ಮಿಕ ವಕೀಲರು): ಕೇಸು ವಾಪಸ್ ತೆಗೆದುಕೊಳ್ಳಬೇಡಿ. ಸಂಬಳದ ವ್ಯಾಜ್ಯಕ್ಕೂ ಗ್ರಾಚ್ಯುಟಿಗೂ ಕಾನೂನಿನಲ್ಲಿ ಸಂಬಂಧವಿಲ್ಲ. 1972ರ ಗ್ರಾಚ್ಯುಟಿ ಪಾವತಿ ಕಾಯ್ದೆಯ 4(6)ನೇ ಕಲಂ ಪ್ರಕಾರ ಹಣ ಹಿಡಿಯಬೇಕಾದರೆ ಮೊದಲು ನಿಮ್ಮನ್ನು ಕೆಲಸದಿಂದ ವಜಾ ಮಾಡಿರಬೇಕು. ಅದೂ ಉದ್ದೇಶಪೂರ್ವಕ ಲೋಪ ಅಥವಾ ನಿರ್ಲಕ್ಷ್ಯದಿಂದ ನಷ್ಟವಾಗಿದ್ದರೆ ಆ ನಷ್ಟದಷ್ಟು ಮಾತ್ರ, ಇಲ್ಲವೇ ಹಿಂಸೆ, ದೊಂಬಿ, ಕೆಲಸದ ವೇಳೆ ಮಾಡಿದ ನೈತಿಕ ಅಧಃಪತನದ ಅಪರಾಧಕ್ಕೆ. ನೀವು ವಯೋನಿವೃತ್ತಿ ಹೊಂದಿದವರು, ಇದ್ಯಾವುದೂ ನಿಮಗೆ ತಗಲುವುದಿಲ್ಲ. 13ನೇ ಕಲಂ ಇನ್ನೂ ಗಟ್ಟಿ: ಕೋರ್ಟಿನ ಡಿಕ್ರಿ ಇದ್ದರೂ ಗ್ರಾಚ್ಯುಟಿಯನ್ನು ಜಪ್ತಿ ಮಾಡುವಂತಿಲ್ಲ. ಹಾಗಿರುವಾಗ ಎಚ್‌ಆರ್ ಟಿಪ್ಪಣಿಯ ಮೇಲೆ 1,84,000 ಮುರಿಯುವುದು ಎಲ್ಲಿಂದ ಬಂತು? ಹಣ ಬರಬೇಕಿದ್ದರೆ ಕಂಪನಿ ಬೇರೆ ದಾವೆ ಹೂಡಿ ಸಾಬೀತು ಮಾಡಲಿ.

ಲೆಕ್ಕ ನೋಡಿ. ಆರು ತಿಂಗಳು ಮೀರಿದ ಅವಧಿ ಪೂರ್ಣ ವರ್ಷ, ಆದ್ದರಿಂದ 23 ವರ್ಷ. 31,200ನ್ನು 26ರಿಂದ ಭಾಗಿಸಿ 15ರಿಂದ ಗುಣಿಸಿದರೆ 18,000. ಅದು 23 ಪಟ್ಟು, 4,14,000 ರೂ. ನಿವೃತ್ತಿಯ 30 ದಿನದೊಳಗೆ, ಅಂದರೆ ಆಗಸ್ಟ್ 30ರೊಳಗೆ ಇದನ್ನು ಕೊಡಬೇಕಿತ್ತು. ಅಲ್ಲಿಂದಾಚೆ ವರ್ಷಕ್ಕೆ ಶೇ. 10ರ ಸರಳ ಬಡ್ಡಿ. ನಾಲ್ಕು ತಿಂಗಳಿಗೆ 13,800 ಆಗುತ್ತದೆ. ತಡಕ್ಕೆ ನೌಕರನೇ ಕಾರಣನಾಗಿದ್ದು, ನಿಯಂತ್ರಣ ಪ್ರಾಧಿಕಾರಿಯ (ಗ್ರಾಚ್ಯುಟಿ ತಕರಾರು ತೀರ್ಮಾನಿಸುವ ಕಾರ್ಮಿಕ ಇಲಾಖೆಯ ಅಧಿಕಾರಿ) ಲಿಖಿತ ಅನುಮತಿಯೂ ಇದ್ದರೆ ಮಾತ್ರ ಬಡ್ಡಿಗೆ ವಿನಾಯಿತಿ.

ಪ್ರಶ್ನೆ: ಬಾಯಲ್ಲಿ ಎಷ್ಟೋ ಸಲ ಕೇಳಿದ್ದೇನೆ ಸರ್. ಬರವಣಿಗೆಯಲ್ಲಿ ಏನೂ ಕೊಟ್ಟಿಲ್ಲ.

ಉತ್ತರ: ಬಹಳಷ್ಟು ಜನ ಎಡವುವುದು ಇಲ್ಲೇ. ಕಂಪನಿಗೆ ನಮೂನೆ 'ಐ' ಅರ್ಜಿಯನ್ನು ರಿಜಿಸ್ಟರ್ಡ್ ಅಂಚೆಯಲ್ಲಿ ಈಗಲೇ ಕಳಿಸಿ, ರಸೀದಿ ಇಟ್ಟುಕೊಳ್ಳಿ. ಈ ಅರ್ಜಿ ಕೊಡಲು ಇರುವ 30 ದಿನದ ಗಡುವು ದಾಟಿದೆ ಎಂಬ ಒಂದೇ ಕಾರಣಕ್ಕೆ ಹಕ್ಕು ಹೋಗುವುದಿಲ್ಲ, ತಡವಾದ ಕಾರಣವನ್ನು ಒಂದು ಸಾಲಿನಲ್ಲಿ ಬರೆಯಿರಿ. 15 ದಿನದಲ್ಲಿ ಉತ್ತರ ಬರಬೇಕು. ಬರದಿದ್ದರೆ, ಅಥವಾ ನಿರಾಕರಿಸಿದರೆ, 90 ದಿನದೊಳಗೆ ನಿಯಂತ್ರಣ ಪ್ರಾಧಿಕಾರಿಗೆ ನಮೂನೆ 'ಎನ್'. ನೇಮಕಾತಿ ಪತ್ರ, ಕೊನೆಯ ಮೂರು ತಿಂಗಳ ಪೇ ಸ್ಲಿಪ್, ನಿವೃತ್ತಿ ಆದೇಶ, ಅಂಚೆ ರಸೀದಿ ಲಗತ್ತಿಸಿ.

ಯಾವ ಕಚೇರಿ ಅನ್ನುವುದನ್ನು ಮೊದಲೇ ಖಚಿತ ಮಾಡಿಕೊಳ್ಳಿ. ಕಾರ್ಖಾನೆ ಕರ್ನಾಟಕದಲ್ಲಷ್ಟೇ ಇದ್ದರೆ ರಾಜ್ಯದ ಸಹಾಯಕ ಕಾರ್ಮಿಕ ಆಯುಕ್ತರು. ಬೇರೆ ರಾಜ್ಯಗಳಲ್ಲೂ ಶಾಖೆಗಳಿದ್ದರೆ ಕೇಂದ್ರದ ಕಾರ್ಮಿಕ ಆಯುಕ್ತರ ಕಚೇರಿ. ಅಧಿಕಾರ ವ್ಯಾಪ್ತಿ ತಪ್ಪಿದ ಅರ್ಜಿ ತಿಂಗಳುಗಟ್ಟಲೆ ಕೂತು ಕೊನೆಗೆ ವಾಪಸ್ ಬರುತ್ತದೆ.

ಆದೇಶ ನಿಮ್ಮ ಪರ ಬಂದರೂ ಕಂಪನಿ ಅಪೀಲು ಹೋಗಬಹುದು, ಆದರೆ ಪೂರ್ತಿ ಮೊತ್ತ ಠೇವಣಿ ಇಡದೆ ಅಪೀಲು ದಾಖಲಾಗುವುದಿಲ್ಲ. ಅಪೀಲೂ ಇಲ್ಲ, ಹಣವೂ ಇಲ್ಲ ಅಂದರೆ ಜಿಲ್ಲಾಧಿಕಾರಿ ಮೂಲಕ ಭೂಕಂದಾಯದ ಬಾಕಿಯಂತೆ ವಸೂಲಿ.

ಈ ಮಧ್ಯೆ 'ಫುಲ್ ಅಂಡ್ ಫೈನಲ್' ಕಾಗದ ಮುಂದಿಟ್ಟು, ಇನ್ನು ಯಾವ ಬಾಕಿಯೂ ಇಲ್ಲ ಅಂತ ಸಹಿ ಕೇಳಬಹುದು. ಹಾಗೆ ಬರೆದುಕೊಟ್ಟರೂ ಗ್ರಾಚ್ಯುಟಿಯ ಹಕ್ಕು ಹೋಗದು. ಸಂಬಳದ ಕೇಸಿಗೆ ಮಾತ್ರ ಆ ಸಹಿ ನಿಜವಾಗಿ ಪೆಟ್ಟು ಕೊಡುತ್ತದೆ. ಭಾಗಶಃ ಹಣ ಕೊಟ್ಟರೆ ಪಡೆಯಿರಿ. ಸಹಿಯ ಮೇಲೆ 'ಉಳಿದ ಹಕ್ಕುಗಳನ್ನು ಕಾಯ್ದಿರಿಸಿ, ಆಕ್ಷೇಪಣೆಯೊಂದಿಗೆ ಸ್ವೀಕರಿಸಿದ್ದೇನೆ' ಎಂದು ಕೈಬರಹದಲ್ಲಿ ಬರೆದು ಫೋಟೊ ತೆಗೆದಿಟ್ಟುಕೊಳ್ಳಿ.

ಪಿಎಫ್ ಸುಲಭ. ಹಣ ಇರುವುದು ಇಪಿಎಫ್‌ಒ (ನೌಕರರ ಭವಿಷ್ಯ ನಿಧಿ ಸಂಘಟನೆ) ಬಳಿ, ಕಂಪನಿಯ ತಿಜೋರಿಯಲ್ಲಲ್ಲ. ಕೊನೆಯ ವಂತಿಗೆಯಾಗಿ ಎರಡು ತಿಂಗಳು ಕಳೆದಿದ್ದರೆ ಯುಎಎನ್ (ನಿಮ್ಮ ಪಿಎಫ್ ಸದಸ್ಯ ಸಂಖ್ಯೆ) ಪೋರ್ಟಲ್‌ನ 'ಮ್ಯಾನೇಜ್' ವಿಭಾಗದಲ್ಲಿ 'ಮಾರ್ಕ್ ಎಕ್ಸಿಟ್' ಒತ್ತಿ, ಆಧಾರ್ ಒಟಿಪಿ ಕೊಟ್ಟು ನೀವೇ ದಿನಾಂಕ ಹಾಕಬಹುದು. ಒಮ್ಮೆ ಹಾಕಿದ ದಿನಾಂಕ ತಿದ್ದುವುದು ತಾಪತ್ರಯ, ಸರಿಯಾಗಿ ನೋಡಿ ಹಾಕಿ. ಆಮೇಲೆ ಪಿಎಫ್‌ಗೆ ಫಾರಂ 19, ಪಿಂಚಣಿಗೆ 10ಡಿ.

2025ರ ನವೆಂಬರ್ 21ರಂದು ಅಥವಾ ಆಮೇಲೆ ನಿವೃತ್ತರಾದವರಿಗೆ 2020ರ ಸಾಮಾಜಿಕ ಭದ್ರತಾ ಸಂಹಿತೆ ಅನ್ವಯ. ಹಣ ಕೊಡಲು 30 ದಿನದ ಗಡುವು ಅಲ್ಲೂ ಇದೆ, ಆದರೆ 'ವೇತನ'ದ ವ್ಯಾಖ್ಯೆ ಬದಲಾಗಿದೆ: ಹೊರಗಿಟ್ಟ ಭತ್ಯೆಗಳು ಒಟ್ಟು ಸಂಭಾವನೆಯ ಶೇ. 50 ಮೀರಿದರೆ ಮೀರಿದ ಭಾಗವೂ ಲೆಕ್ಕಕ್ಕೆ ಸೇರುತ್ತದೆ. ಅರ್ಜಿಯ ನಮೂನೆಯನ್ನು ಕಚೇರಿಯಲ್ಲೇ ಕೇಳಿ ಪಡೆಯಿರಿ.

ಇನ್ನೊಬ್ಬರ ಪ್ರಶ್ನೆ: ನಮ್ಮ ತಂದೆ ರಾಜ್ಯ ಸರ್ಕಾರದ ಗ್ರೂಪ್ ಸಿ ನೌಕರರಾಗಿದ್ದರು. ನಿವೃತ್ತಿಯಾದ ಮೇಲೆ, ವೇತನ ನಿಗದಿ ತಪ್ಪಾಗಿದೆ ಅಂತ ಡಿಸಿಆರ್‌ಜಿಯಲ್ಲಿ (ಸರ್ಕಾರಿ ನೌಕರರ ಮರಣ ಮತ್ತು ನಿವೃತ್ತಿ ಗ್ರಾಚ್ಯುಟಿ) ಕಡಿತ ಮಾಡಿದ್ದಾರೆ. ಇದೇ ಕಾಯ್ದೆ ಹೇಳಬಹುದಾ?

ಉತ್ತರ: ಇಲ್ಲ, ಅವರಿಗೆ ಸೇವಾ ನಿಯಮಗಳು ಅನ್ವಯ. ಆದರೆ ಪಂಜಾಬ್ ರಾಜ್ಯ ವಿರುದ್ಧ ರಫೀಕ್ ಮಸೀಹ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2014ರ ಡಿಸೆಂಬರ್ 18ರಂದು ಇದನ್ನೇ ವಿಚಾರ ಮಾಡಿದೆ. ತಪ್ಪಾಗಿ ಹೆಚ್ಚು ಕೊಟ್ಟ ಸಂಬಳವನ್ನು ಗ್ರೂಪ್ ಸಿ, ಡಿ ನೌಕರರಿಂದ, ನಿವೃತ್ತರಿಂದ, ಒಂದು ವರ್ಷದೊಳಗೆ ನಿವೃತ್ತರಾಗುವವರಿಂದ ವಸೂಲು ಮಾಡುವಂತಿಲ್ಲ. ಐದು ವರ್ಷಕ್ಕಿಂತ ಹೆಚ್ಚು ಕಾಲ ಪಾವತಿಯಾಗಿದ್ದರೂ ಹಾಗೆಯೇ. ನಿಮ್ಮ ತಂದೆ ಎರಡು ಕಾರಣಕ್ಕೆ ಇದರೊಳಗೆ ಬರುತ್ತಾರೆ.

ಒಂದನ್ನು ಮಾತ್ರ ಪರಿಶೀಲಿಸಿ. ವೇತನ ಪರಿಷ್ಕರಣೆ ವೇಳೆ, ಹೆಚ್ಚು ಪಾವತಿಯಾದರೆ ಹಿಂದಿರುಗಿಸುತ್ತೇನೆ ಎಂದು ಮುಚ್ಚಳಿಕೆ ಕೊಟ್ಟಿದ್ದಾರಾ? 2016ರ ಜಗದೇವ್ ಸಿಂಗ್ ತೀರ್ಪು ಅಂಥ ಮುಚ್ಚಳಿಕೆ ಕೊಟ್ಟ ನ್ಯಾಯಾಂಗ ಅಧಿಕಾರಿಯಿಂದ ವಸೂಲಿಗೆ ಒಪ್ಪಿತು, ಇಲಾಖೆಗಳು ಅದನ್ನೇ ಎತ್ತಿ ಹಿಡಿಯುತ್ತವೆ. ಸೇವಾ ಪುಸ್ತಕದ ನಕಲನ್ನು ಮಾಹಿತಿ ಹಕ್ಕಿನಡಿ ಪಡೆಯಿರಿ. ನೋಟಿಸ್ ಕೊಡದೆ ಕಡಿತ ಮಾಡಿದ್ದರೆ ಅದನ್ನೂ ಅರ್ಜಿಯಲ್ಲಿ ಕಾಣಿಸಿ. ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ ಹೋಗಲು ಕಡಿತದ ಆದೇಶ ಬಂದ ದಿನದಿಂದ ಒಂದು ವರ್ಷ ಕಾಲಾವಕಾಶ. ಆದೇಶದ ಪ್ರತಿ ಕೈಗೆ ಸಿಕ್ಕಿಲ್ಲವಾದರೆ ಇವತ್ತೇ ಲಿಖಿತವಾಗಿ ಕೇಳಿ.