ಕುಚೇಲನನ್ನು ತಡೆಯುವ ಬಾಗಿಲವನಿಗೆ ಏನು ಮಾತು ಕೊಡಲಿ?

ಅವಲಕ್ಕಿಗಂಟು:
ನಮ್ಮ ಅಪಾರ್ಟ್‌ಮೆಂಟಿನ ರಾಜ್ಯೋತ್ಸವಕ್ಕೆ ಕೃಷ್ಣ-ಕುಚೇಲ ನಾಟಕ. ನನಗೆ ಸಿಕ್ಕಿದ್ದು ದ್ವಾರಕೆಯ ಬಾಗಿಲು ಕಾಯುವವನ ಪಾತ್ರ. "ಯಾರು ನೀನು? ನಡಿ ಆಚೆ." ಇಷ್ಟೇ ಮಾತು. ಆಮೇಲೆ ಈಟಿ ಅಡ್ಡ ಹಿಡಿದು ನಿಲ್ಲಬೇಕು. ರಿಹರ್ಸಲ್‌ನಲ್ಲಿ ಕುಚೇಲ ಬೇಡುತ್ತಾನೆ, ನಾನು ಗದರುತ್ತೇನೆ, ಮಕ್ಕಳು ಚಿಪ್ಸ್ ತಿನ್ನುತ್ತವೆ. ಸುಮ್ನೆ ತಡೆಯೋದು ಬಿಟ್ಟು ಈ ಪಾತ್ರದಲ್ಲಿ ಬೇರೇನಾದರೂ ಇದೆಯಾ?

ಹಳೇಪುಸ್ತಕ:
ತಮಾಷೆ ಗೊತ್ತಾ? ಭಾಗವತದ ದಶಮ ಸ್ಕಂಧದಲ್ಲಿ ಕುಚೇಲನನ್ನು ಯಾರೂ ತಡೆಯೋದೇ ಇಲ್ಲ. ಮೂರು ಕಾವಲು, ಮೂರು ಅಂಗಳ ದಾಟಿ ಸೀದಾ ಒಳಗೆ ಹೋಗುತ್ತಾನೆ. ನಿಮ್ಮ ಪಾತ್ರ ಆಮೇಲೆ ಆಡಿದವರು ಸೇರಿಸಿಕೊಂಡಿದ್ದು. ಹರಕು ಬಟ್ಟೆಯವನು ಬಾಗಿಲಲ್ಲಿ ಒಂದಿಷ್ಟು ಹೊತ್ತು ಒದ್ದಾಡಿದರೇ ಕೃಷ್ಣ ಓಡಿಬಂದು ಅಪ್ಪಿಕೊಂಡಾಗ ನಮ್ಮ ಕಣ್ಣು ಒದ್ದೆಯಾಗೋದು.

ಚೌಕಿಪಕ್ಕದವ:
ಮಾರಾಯ್ರೆ, ಯಕ್ಷಗಾನದಲ್ಲಿ ಈ ಕೆಲಸ ಹಾಸ್ಯಗಾರನದ್ದು. ನಮ್ಮೂರ ಬಯಲಾಟದಲ್ಲಿ ಒಬ್ಬರು ಕುಚೇಲನನ್ನು ಗದರಲೇ ಇಲ್ಲ. ಗಂಟು ಮೂಸಿದರು. ಅವಲಕ್ಕಿ ಅಂತ ಗೊತ್ತಾಯಿತು. "ಬೆಳಗ್ಗಿಂದ ನಿಂತೇ ಇದ್ದೇನೆ, ಒಂದು ಗುಟುಕು ಗಂಜಿ ಇಲ್ಲ" ಅಂತ ಅಳುಮುಖ ಮಾಡಿದರು. ಗಂಟು ಬಿಚ್ಚೋದೋ ಬೇಡವೋ ಅಂತ ಕುಚೇಲ ಪೇಚಿಗೆ ಬಿದ್ದ. ಅದು ಎಷ್ಟು ಎಳೆಯಿತು ಅಂದರೆ ಕೊನೆಗೆ ಹಾಡಿ ಆಟ ನಡೆಸುವ ಭಾಗವತರೇ ಜಾಗಟೆ ಬಡಿದು ಎಬ್ಬಿಸಬೇಕಾಯಿತು.
ಯಕ್ಷಗಾನದ ತಂಡಕ್ಕೂ, ಅಂದರೆ ಮೇಳಕ್ಕೂ, ಇಂಥದ್ದೊಂದು ಬಾಗಿಲು ಇತ್ತು. ತೆಂಕುತಿಟ್ಟಿನಲ್ಲಿ, ಅಂದರೆ ಯಕ್ಷಗಾನದ ದಕ್ಷಿಣದ ಶೈಲಿಯಲ್ಲಿ, ಹೊಸ ಹುಡುಗ ಸೀದಾ ಅರ್ಜುನ ಆಗುವ ಹಾಗಿರಲಿಲ್ಲ. ಮೊದಲು ಕೋಡಂಗಿ ವೇಷ, ಆಮೇಲೆ ಬಾಲಗೋಪಾಲ ವೇಷ. ಕಥೆ ಶುರುವಾಗುವ ಮುಂಚಿನ ಪೂರ್ವರಂಗದಲ್ಲಿ ಕುಣಿದು ಕುಣಿದೇ ಮುಂದೆ ಹೋಗಬೇಕು. ನಾನು ಕೋಡಂಗಿಯಲ್ಲೇ ನಿಂತೆ, ಅದು ಬೇರೆ ಕಥೆ.

ನಾಲ್ಕನೇಮಹಡಿ:
ಜಯ-ವಿಜಯರನ್ನು ನೆನಪು ಮಾಡಿಕೊಳ್ಳಿ. ವೈಕುಂಠದ ಏಳನೇ ಬಾಗಿಲಲ್ಲಿ, ಬಟ್ಟೆಯಿಲ್ಲದ ಸಣ್ಣ ಹುಡುಗರ ಹಾಗೆ ಕಾಣುತ್ತಿದ್ದ ಸನಕಾದಿ ಋಷಿಗಳನ್ನು ತಡೆದರು. ಶಾಪ ಬಿತ್ತು. ಮೂರು ಜನ್ಮ ಹರಿಗೆ ವೈರಿಗಳಾದರು. ಕೊನೆಯ ಜನ್ಮದಲ್ಲಿ ಶಿಶುಪಾಲ, ದಂತವಕ್ತ್ರ. ಇಬ್ಬರೂ ಸತ್ತದ್ದು ಇದೇ ಕೃಷ್ಣನ ಕೈಯಲ್ಲಿ! ದ್ವಾರಕೆಯ ಕಾವಲಿನವನಿಗೆ ಈ ಕಥೆ ಗೊತ್ತಿದ್ದರೆ ಬಡ ಬ್ರಾಹ್ಮಣನ ಮುಂದೆ ಈಟಿ ಹಿಡಿದ ಕೈ ನಡುಗಬೇಕಲ್ವಾ?

ಅವಲಕ್ಕಿಗಂಟು:
ಇವತ್ತು ಕೈ ನಡುಗಿಸಿದೆ. ಜಾಸ್ತಿಯಾಯಿತು, ಚಳಿಜ್ವರ ಬಂದವನ ಹಾಗಿತ್ತಂತೆ. ಗಂಟು ಮೂಸಿದ್ದಕ್ಕೆ ಮಾತ್ರ ಮಕ್ಕಳು ಚಿಪ್ಸ್ ಕೆಳಗಿಟ್ಟವು. ನಮ್ಮ ಗೇಟಿನ ಸೆಕ್ಯೂರಿಟಿ ಅಣ್ಣ ಹಿಂದೆ ನಿಂತು ನೋಡುತ್ತಿದ್ದರು. "ಸಾರ್, ಅವರ ಹೆಸರು ರಿಜಿಸ್ಟರ್‌ನಲ್ಲಿ ಬರೆಸಿಕೊಂಡೇ ಇಲ್ಲ ನೀವು" ಅಂದರು. ಆ ಸಾಲು ನಾಟಕಕ್ಕೆ ಸೇರಿತು.