ಹಳ್ಳದ ಪಕ್ಕ ಕಡ್ಡಿಗೆ ಮಣ್ಣು ಮೆತ್ತಿದ ಹಾಗಿತ್ತು, ಇದು ಕುಂಬಾರ ಕಪ್ಪೆದಾ?

ಹೊಳೆಬದಿ: ಎಲ್ರಿಗೂ ನಮಸ್ಕಾರ. ಮೊನ್ನೆ ರಾತ್ರಿ ಉತ್ತರ ಕನ್ನಡದ ಕತ್ತಲೆಕಾನು ಕಾಡಿನ ಕಡೆ ಫ್ರೆಂಡ್ಸ್ ಜೊತೆ ಹೋಗಿದ್ದೆ, ಮಳೆ ಸಣ್ಣಗೆ ಹೊಯ್ತಾನೇ ಇತ್ತು. ಸಣ್ಣ ಹಳ್ಳದ ಮೇಲೆ ಬಾಗಿದ್ದ ಒಂದು ಕಡ್ಡಿಗೆ ಹಸಿ ಕೆಸರು ಯಾರೋ ಬೆರಳಲ್ಲಿ ಸವರಿದ ಹಾಗೆ ಮೆತ್ಕೊಂಡಿತ್ತು, ಪಕ್ಕದಲ್ಲೇ ಒಂದು ಸುಕ್ಕುಸುಕ್ಕು ಚರ್ಮದ ಕಂದು ಕಪ್ಪೆ, ಟಾರ್ಚ್ ಬಿಟ್ರೂ ಅಲ್ಲಾಡ್ಲಿಲ್ಲ. ಮಣ್ಣು ಸ್ವಲ್ಪ ಕೆರೆದು ಒಳಗೆ ಮೊಟ್ಟೆ ಇದ್ಯಾ ನೋಡೋಣ ಅಂತ ಒಬ್ಬ ಅಂದ, ನಾನು ಬೇಡ ಅಂದೆ, ಆದ್ರೆ ನಂಗೂ ಕುತೂಹಲ. ಇದು ಕುಂಬಾರ ಕಪ್ಪೆನಾ?

ರಾತ್ರಿಗಸ್ತು: ಕೆರೆಯದೇ ಬಂದಿದ್ದು ಒಳ್ಳೇದಾಯ್ತು ಮಾರಾಯ್ರೆ. ಬಹುತೇಕ ಅದೇ ಇರಬೇಕು, ಯಾಕಂದ್ರೆ ಈ ಮಣ್ಣಿನ ಕೆಲ್ಸಕ್ಕೇ ಅದಕ್ಕೆ ಆ ಹೆಸರು ಬಂದಿದ್ದು. 2014ರಲ್ಲಿ ಗುರುರಾಜ ಕೆ.ವಿ. ಮತ್ತೆ ಅವರ ಜೊತೆಯವರು ಇದನ್ನ ಹೊಸ ಪ್ರಭೇದ ಅಂತ ವಿವರಿಸಿದಾಗ ವೈಜ್ಞಾನಿಕ ಹೆಸರಲ್ಲೂ 'ಕುಂಬಾರ' ಅಂತಲೇ ಇಟ್ರು, ನಿಕ್ಟಿಬಟ್ರಾಕಸ್ ಕುಂಬಾರ. ಹೆಣ್ಣು ಮುಂಗಾಲಿನ ಮೇಲೆ ತಲೆಕೆಳಗಾಗಿ ನಿಂತು ಮೊಟ್ಟೆ ಇಟ್ಟು ಹೋಗ್ತದೆ, ಆಮೇಲೆ ಗಂಡು ಹಳ್ಳದ ತಳದಿಂದ ಮುಂಗಾಲಲ್ಲಿ ಕೆಸರು ಎತ್ಕೊಂಡು ಬಂದು ಮೊಟ್ಟೆ ಮೇಲೆ ಬಳೀತದೆ. ಒಂದೇ ಸಲ ಅಲ್ಲ, ಹೋಗೋದು ಬರೋದು, ಹೋಗೋದು ಬರೋದು. ಮೊಟ್ಟೆ ಒಣಗದ ಹಾಗೆ, ತಿನ್ನೋ ಪ್ರಾಣಿಗಳ ಕಣ್ಣಿಗೆ ಬೀಳದ ಹಾಗೆ ಅಂತ ಸಂಶೋಧಕರ ಊಹೆ.

ಸಂಶಯಪ್ಪ: ಫೋಟೋ ಇಲ್ದೆ ಹೇಗೆ ಹೇಳ್ತೀರ? ಜೋಗದ ಸುತ್ತ ಇದೇ ರಾತ್ರಿಗಪ್ಪೆ ಗುಂಪಿನ ಇನ್ನೊಂದಿದೆ, ನಿಕ್ಟಿಬಟ್ರಾಕಸ್ ಜೋಗ್, 2011ರಲ್ಲಿ ಹೆಸರಿಟ್ಟಿದ್ದು. ನೋಡೋಕೆ ಅಣ್ಣ ತಮ್ಮನ ಥರ. ಬಣ್ಣ ನೋಡಿ ಗೆಸ್ ಮಾಡೋದು ಈ ರಾತ್ರಿಗಪ್ಪೆಗಳಲ್ಲಿ ನಡೆಯಲ್ಲ.

ರಾತ್ರಿಗಸ್ತು: ಒಪ್ಪಿದೆ, ಅದಕ್ಕೇ 'ಬಹುತೇಕ' ಅಂದಿದ್ದು. ಬಣ್ಣ ಬಿಡಿ, ಮಣ್ಣು ನೋಡಿ ಅಂತಿದೀನಿ. ಕೂಗು ರೆಕಾರ್ಡ್ ಮಾಡಿದ್ರೆ ಇನ್ನೂ ಗಟ್ಟಿ, ಫೋನಲ್ಲೇ ಒಂದು ನಿಮಿಷ ಸಾಕು.

ಕಾನುಮನೆ: ನಮ್ ಕಡೆ ರಾಮಪತ್ರೆ ಜಡ್ಡಿ ಅಂತೀವಿ ಕತ್ತಲೆಕಾನಿನಂಥ ಜೌಗು ಜಾಗಕ್ಕೆ, ಬೇರು ಮೊಣಕಾಲಿನ ಥರ ಕೆಸರಿಂದ ಮೇಲೆದ್ದಿರ್ತವಲ್ಲ ಅದೇ. ಆ ನೆಲ ನೀರು ಹಿಡ್ಕೊಳ್ಳೋದ್ರಿಂದ ಹಳ್ಳ ಬೇಸಿಗೇಲೂ ಪೂರ್ತಿ ಬತ್ತಲ್ಲ. ಒಂದು ಕಡೆ ಮರ ಹೋದ್ರೆ ನೆರಳು ಹೋಗ್ತದೆ, ನೆರಳು ಹೋದ್ರೆ ಕೆಸರು ಬಿರೀತದೆ, ಮತ್ತೆ ಮೆತ್ತೋಕೆ ಏನಿರ್ತದೆ ಹೇಳಿ. ಇನ್ನೊಂದು, ಕೈಗೆ ಸೊಳ್ಳೆ ಮುಲಾಮು ಹಚ್ಕೊಂಡು ಕಪ್ಪೆ ಹಿಡಿಯೋರು ಇದಾರೆ, ನೋಡಿದ್ರೆ ಮೈ ಉರೀತದೆ. ಅದರ ಚರ್ಮವೇ ಅರ್ಧ ಉಸಿರು ಕಣ್ರೀ! ಬೂಟೂ ತೊಳ್ಕೊಂಡು ಹೋಗಿ, ಬೇರೆ ಹಳ್ಳದಿಂದ ಕಪ್ಪೆಗೆ ರೋಗ ತರೋ ಶಿಲೀಂಧ್ರ ತಗೊಂಡು ಬರಬಾರ್ದು.

ಹೊಳೆಬದಿ: ನಿನ್ನೆ ಹಗಲು ಒಬ್ಬನೇ ಹೋಗಿ ದೂರದಿಂದ ನೋಡ್ದೆ. ಮಣ್ಣು ಹಾಗೇ ಇದೆ, ಒಂದು ಮೂಲೆ ಮಾತ್ರ ತೊಳೆದು ಹೋಗಿದೆ, ಒಳಗೆ ಎರಡು ಮೂರು ಕಪ್ಪು ಚುಕ್ಕೆ ಕಾಣ್ತಿತ್ತು. ಕಪ್ಪೆ ಕಾಣಲಿಲ್ಲ. ಫೋಟೋ ಹಾಕ್ತೀನಿ, ಆದ್ರೆ ಲೊಕೇಶನ್ ತೆಗೆದು ಹಾಕ್ತೀನಿ, ಕೇಳಬೇಡಿ. ಇವತ್ತು ರಾತ್ರಿ ಕೂಗು ರೆಕಾರ್ಡ್ ಮಾಡೋಕೆ ಹೋಗ್ತಿದೀನಿ, ಮಳೆ ನಿಂತ್ರೆ.

ಸಂಶಯಪ್ಪ: ಮಳೆ ನಿಲ್ಲೋದಕ್ಕೆ ಕಾಯ್ಬೇಡಿ, ಕೊಡೆ ಹಿಡ್ಕೊಂಡ್ ಹೋಗಿ. ಆಡಿಯೋ ಹಾಕಿ, ನಾನೂ ಕೇಳ್ತೀನಿ.