ಜೀವನಾಂಶದ ಕೇಸು ‘ವಿಲೇವಾರಿ’ ಆಯ್ತು ಅಂದರೆ ಏನರ್ಥ?

ಗೆಳೆಯರಿಗೆ ನಮಸ್ಕಾರ.

ಜೀವನಾಂಶದ ಕಾನೂನನ್ನು ಹೆಣ್ಣುಮಕ್ಕಳಿಗೆ ತಿಳಿಸುವ ಕರಪತ್ರವೊಂದನ್ನು ತಿದ್ದುತ್ತಿದ್ದೇನೆ. ಎರಡು ಪದಗಳಲ್ಲಿ ಸಿಕ್ಕಿಕೊಂಡಿದ್ದೇನೆ.

ಒಂದು, ವಾಯಿದೆ. “ಮಧ್ಯಂತರ ಜೀವನಾಂಶದ (ಕೇಸು ಮುಗಿಯುವ ತನಕ ಕೊಡುವ ಹಣದ) ಅರ್ಜಿಗೆ 60 ದಿನದ ವಾಯಿದೆ ಇದೆ” ಎಂದು ಕರಡಿನಲ್ಲಿತ್ತು. ಬರೆದವರ ಮನಸ್ಸಿನಲ್ಲಿದ್ದದ್ದು ಸಾಲದ ವಾಯಿದೆ, ಅಂದರೆ ಕೊನೆಯ ದಿನ. ಎದುರಿನವರಿಗೆ ನೋಟೀಸ್ ಜಾರಿಯಾದ 60 ದಿನದೊಳಗೆ, ಆದಷ್ಟು ಮಟ್ಟಿಗೆ, ಅರ್ಜಿ ತೀರ್ಮಾನ ಆಗಬೇಕು ಅನ್ನುತ್ತದೆ ಕಾನೂನು. ಆದರೆ ಕೋರ್ಟಿಗೆ ಅಲೆಯುವವರು “ಇವತ್ತೂ ವಾಯಿದೆ ಆಯ್ತು” ಅಂತಾರಲ್ವಾ? ಅವರಿಗೆ ಅದು ಕೇಸು ಮುಂದಕ್ಕೆ ಹೋದ ಸುದ್ದಿ. ‘ಗಡುವು’ ಎಂದು ಬದಲಾಯಿಸಿದೆ. ಇದು ಸುಲಭದ್ದು.

ತೊಡಕಿರುವುದು ವಿಲೇವಾರಿಯಲ್ಲಿ. ಕರಡು ಓದಿದ ಹೆಂಗಸೊಬ್ಬರು ಕೇಳಿದರು: “ವಿಲೇವಾರಿ ಆದ್ಮೇಲೆ ದುಡ್ಡು ಬರುತ್ತಾ, ಇಲ್ಲಾ ಕೇಸೇ ಹೋಯ್ತು ಅಂತಾನಾ?” ಪ್ರಶ್ನೆ ನ್ಯಾಯವಾದದ್ದೇ. ಆದೇಶವಾದರೂ ವಿಲೇವಾರಿ, ರಾಜಿಯಾದರೂ ವಿಲೇವಾರಿ, ಅರ್ಜಿದಾರಳು ಬರಲಿಲ್ಲ ಎಂದು ವಜಾ ಆದರೂ ವಿಲೇವಾರಿ. ಅಸಲಿಗೆ ಇದು ಕೋರ್ಟುಗಳ ಲೆಕ್ಕದ ಪದ. ಸಂವಿಧಾನದ 227ನೇ ವಿಧಿಯಂತೆ ಕೆಳಗಿನ ಕೋರ್ಟುಗಳ ಮೇಲ್ವಿಚಾರಣೆ ಹೈಕೋರ್ಟಿನದು. ಅವುಗಳಿಂದ ಲೆಕ್ಕ ತರಿಸಿಕೊಳ್ಳುವ ಅಧಿಕಾರವೂ ಅದರಲ್ಲೇ ಇದೆ. ಎಷ್ಟು ಕೇಸು ಬಾಕಿ, ಎಷ್ಟು ವಿಲೇವಾರಿ ಎಂಬ ಲೆಕ್ಕ ಬೇಕೇ ಬೇಕು, ತಡವಾಗುವುದು ಕಣ್ಣಿಗೆ ಬೀಳುವುದೇ ಅದರಿಂದ. ಆದರೆ ಆ ತಾಯಿಗೆ ತಿಂಗಳ ಹಣ ಬಂತಾ ಅನ್ನುವುದನ್ನು ಈ ಪದ ಹೇಳುವುದಿಲ್ಲ.

ಇದು ಬರೀ ಪದದ ತಕರಾರಲ್ಲ. ಅರ್ಜಿ ಹಾಕಿದ ದಿನದಿಂದಲೇ ಜೀವನಾಂಶ ಲೆಕ್ಕವಾಗಬೇಕು ಎಂದು ಸುಪ್ರೀಂ ಕೋರ್ಟ್ 2020ರ ರಜನೇಶ್–ನೇಹಾ ತೀರ್ಪಿನಲ್ಲಿ ಹೇಳಿದೆ. ಹಾಗಾಗಿ ಕೇಸು ಎಳೆದಷ್ಟೂ ಬಾಕಿ ಬೆಳೆಯುತ್ತದೆ. ಆದೇಶ ಬಂದರೂ ಗಂಡ ಕೊಡದಿದ್ದರೆ ಮತ್ತೊಂದು ಅರ್ಜಿ ಹಾಕಬೇಕು. ಹಿಂದೆ ದಂಡ ಪ್ರಕ್ರಿಯಾ ಸಂಹಿತೆಯ (ಸಿಆರ್‌ಪಿಸಿ) 125ನೇ ಸೆಕ್ಷನ್ನಿನಲ್ಲಿದ್ದ ಈ ನಿಯಮ 2024ರ ಜುಲೈಯಿಂದ, ಅದರ ಬದಲಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೇ ಸೆಕ್ಷನ್ನಿನಲ್ಲಿದೆ: ಹಣ ಕೊಡಬೇಕಾದ ದಿನದಿಂದ 1 ವರ್ಷದೊಳಗೆ ಅರ್ಜಿ ಕೊಟ್ಟರೆ ಮಾತ್ರ ಆ ಬಾಕಿಯ ವಸೂಲಿಗೆ ವಾರಂಟ್. ‘ವಿಲೇವಾರಿ’ ಎಂದು ಓದಿ, ಎಲ್ಲ ಮುಗಿಯಿತು ಅಂತ ಸುಮ್ನೆ ಕೂತವಳಿಗೆ ಈ 1 ವರ್ಷದ ಗಡುವು ಜಾರಿಹೋಗುತ್ತದೆ. ನನಗೆ ಹೆದರಿಕೆ ಇರುವುದು ಇಲ್ಲೇ.

ಸದ್ಯಕ್ಕೆ ಕರಪತ್ರದಲ್ಲಿ ‘ಆದೇಶ ಆಯ್ತು’, ‘ಅರ್ಜಿ ವಜಾ ಆಯ್ತು’, ‘ಹಣ ಕೈಸೇರಿತು’ ಎಂದು ಮೂರನ್ನೂ ಬೇರೆ ಬೇರೆಯಾಗಿ ಬರೆದು, ವಿಲೇವಾರಿಯನ್ನು ಪೂರ್ತಿ ಕೈಬಿಟ್ಟಿದ್ದೇನೆ. ಬಾಕಿ ಹಣ ತರಿಸಿಕೊಳ್ಳುವ ಆ ಎರಡನೇ ಅರ್ಜಿಗೆ ಮಾತ್ರ ಒಪ್ಪುವ ಹೆಸರು ಸಿಕ್ಕಿಲ್ಲ. ‘ಅಮಲ್ಜಾರಿ ಅರ್ಜಿ’ (ಆದೇಶವನ್ನು ಜಾರಿ ಮಾಡಿಸುವ ಅರ್ಜಿ) ವಕೀಲರಿಗೆ ಸರಿ, ಉಳಿದವರಿಗೆ ಕಬ್ಬಿಣದ ಕಡಲೆ. ‘ವಸೂಲಿ ಅರ್ಜಿ’ ತಿಳಿಯುತ್ತದೆ, ಆದರೆ ತನ್ನ ಹಕ್ಕಿನ ಹಣ ಕೇಳುವವಳನ್ನು ಬಡ್ಡಿಯವರ ಸಾಲಿಗೆ ನಿಲ್ಲಿಸಿದ ಹಾಗಾಗುತ್ತದೆ. ‘ಬಾಕಿ ಜೀವನಾಂಶದ ಅರ್ಜಿ’ ನಡೆಯುತ್ತದಾ? ಧಾರವಾಡ, ಕಲಬುರಗಿ, ಮಂಗಳೂರು ಕಡೆಯ ಕೋರ್ಟುಗಳಲ್ಲಿ ಕಕ್ಷಿದಾರರು ಇದನ್ನು ಏನಂತಾರೆ? ವಕೀಲರ ಪದಕ್ಕಿಂತ ಅವರ ಮಾತೇ ನನಗೆ ಬೇಕಾಗಿರುವುದು. ದಯವಿಟ್ಟು ತಿಳಿಸಿ.